ಥರ್ಟಿ ರಾಕ್: ಡಿಸ್ಕ್ ಕೊಳ್ಳೋದಾ, ಸ್ಟ್ರೀಮಿಂಗ್ ಸಾಕಾ?

ಟೀವಿ ಕಾಮಿಡಿ ಬರೆಯುವ ಹೆಣ್ಣುಮಗಳು ನಿರ್ಮಾಪಕಿಯ ಕುರ್ಚಿಯವರೆಗೆ ಹೇಗೆ ಹೋಗ್ತಾಳೆ ಅಂತ ತಿಳಿಯೋಕೆ ಟೀನಾ ಫೇ ಬರೆದು ನಟಿಸಿದ ಕಾಮಿಡಿ ಧಾರಾವಾಹಿ ‘ಥರ್ಟಿ ರಾಕ್’ಗಿಂತ ಒಳ್ಳೆಯ ಸರಕು ಸಿಗೋದು ಕಷ್ಟ. 2006ರಿಂದ 2013ರವರೆಗೆ ಅಮೆರಿಕದ ಎನ್‌ಬಿಸಿ ಚಾನೆಲ್‌ನಲ್ಲಿ ಬಂದ 7 ಸೀಸನ್, 138 ಕಂತು. ಒಂದು ಮಾಮೂಲಿ ಕಂತು ಜಾಹೀರಾತು ಬಿಟ್ಟರೆ 21–22 ನಿಮಿಷ. ಫೇ 1997ರಲ್ಲಿ ಅದೇ ಚಾನೆಲ್‌ನ ನೇರ ಪ್ರಸಾರದ ಕಾಮಿಡಿ ಶೋ ‘ಸ್ಯಾಟರ್ಡೇ ನೈಟ್ ಲೈವ್’ಗೆ ಬರೆಯಲು ಸೇರಿ, 1999ರಲ್ಲಿ ಅಲ್ಲಿನ ಮೊದಲ ಮಹಿಳಾ ಹೆಡ್ ರೈಟರ್ ಆದವರು. ಚಾನೆಲ್‌ಗೆ ಅವರು ಮೊದಲು ಒಪ್ಪಿಸಲು ಹೋಗಿದ್ದು ಕೇಬಲ್ ನ್ಯೂಸ್‌ನ ಕಥೆ. ನಿಮ್ಮದೇ ಕೆಲಸದ ಬಗ್ಗೆ ಬರೀರಿ ಅಂತ ಅಲ್ಲಿನವರು ಹೇಳಿದ ಮೇಲೆ ಹುಟ್ಟಿದವಳು ಧಾರಾವಾಹಿಯ ನಾಯಕಿ, ಟೀವಿ ಕಾಮಿಡಿ ಶೋ ಒಂದರ ಹೆಡ್ ರೈಟರ್ ಲಿಜ್ ಲೆಮನ್. ಆ ಪಾತ್ರ ಫೇ ಅವರದ್ದೇ.

ಬರೀ ನಗೋಕಾದರೆ ಸ್ಟ್ರೀಮಿಂಗ್ ಸಾಕು. ಕಲಿಯೋಕಾದರೆ 2020ಕ್ಕೆ ಮುಂಚಿನ ಡಿವಿಡಿಗಳನ್ನೇ ಹುಡುಕಿ. ಬಿಳಿಯ ನಟರು ಮುಖಕ್ಕೆ ಕಪ್ಪು ಬಳಿದುಕೊಂಡ ದೃಶ್ಯಗಳಿದ್ದ 4 ಕಂತುಗಳನ್ನು ಆ ವರ್ಷದ ಜೂನ್‌ನಲ್ಲಿ ಫೇ ಮತ್ತು ಜೊತೆಗಾರ ನಿರ್ಮಾಪಕ ರಾಬರ್ಟ್ ಕಾರ್ಲಾಕ್ ಅವರೇ ಕೇಳಿ ಸ್ಟ್ರೀಮಿಂಗ್‌ನಿಂದ ತೆಗೆಸಿದರು: 3ನೇ ಸೀಸನ್‌ನದು ಒಂದು, 5ರದು ಎರಡು, 6ರದು ಒಂದು. ಕಪ್ಪು ಜನರನ್ನು ಅಣಕಿಸೋ ಆ ವೇಷ ತೆಗೆಸಿದ್ದು ಸರಿಯೇ. ಆದರೆ ನೇರ ಪ್ರಸಾರದ ಕಂತುಗಳಿಗೂ ಅದರಲ್ಲಿ ಕತ್ತರಿ ಬಿತ್ತು. ಒಂದೇ ರಾತ್ರಿ ಪೂರ್ವ ಕರಾವಳಿಗೊಮ್ಮೆ, ಪಶ್ಚಿಮಕ್ಕೊಮ್ಮೆ ಆಡಿದ ಕಂತುಗಳವು. ರೀಟೇಕ್ ಇಲ್ಲ, ಎಡಿಟಿಂಗ್ ಇಲ್ಲ. ಜೋಕ್ ನಿಂತರೆ ಬರವಣಿಗೆಯ ಬಲದಿಂದಲೇ ನಿಲ್ಲಬೇಕು.

ಈಗ ಕ್ರೆಡಿಟ್ಸ್ ವಿಷಯ. ಹೆಚ್ಚಿನವರು ಗಮನಿಸದೇ ಬಿಡೋದು ಇದನ್ನೇ. ಶೀರ್ಷಿಕೆ ಸಂಗೀತ ಮುಗಿದ ಮೇಲೆ ಮೊದಲ ದೃಶ್ಯದ ಕೆಳಗೆ ಹೆಸರುಗಳು ಓಡ್ತವೆ. ಪಾಜ್ ಒತ್ತಿ ಓದಿ. ಅಮೆರಿಕದ ಟೀವಿಯಲ್ಲಿ ‘ಪ್ರೊಡ್ಯೂಸರ್’ ಅಂದರೆ ದುಡ್ಡು ಹಾಕಿದವರು ಅಂತ ಅಲ್ಲ, ಬಹಳ ಸಲ ಅದು ಬರಹಗಾರರ ದರ್ಜೆ. ಸ್ಟಾಫ್ ರೈಟರ್, ಸ್ಟೋರಿ ಎಡಿಟರ್, ಕೋ-ಪ್ರೊಡ್ಯೂಸರ್, ಪ್ರೊಡ್ಯೂಸರ್, ಸೂಪರ್‌ವೈಸಿಂಗ್ ಪ್ರೊಡ್ಯೂಸರ್, ಕೋ-ಎಕ್ಸಿಕ್ಯುಟಿವ್, ಕೊನೆಗೆ ಎಕ್ಸಿಕ್ಯುಟಿವ್ ಪ್ರೊಡ್ಯೂಸರ್: ಮೆಟ್ಟಿಲು ಹೀಗೆ. (ಶೂಟಿಂಗ್ ಖರ್ಚು ನೋಡಿಕೊಳ್ಳುವ ಲೈನ್ ಪ್ರೊಡ್ಯೂಸರ್ ಬೇರೆ, ಗೊಂದಲ ಬೇಡ.) ಟ್ರೇಸಿ ವಿಗ್‌ಫೀಲ್ಡ್ ಹೆಸರನ್ನು ಹಿಂಬಾಲಿಸಿ ನೋಡಿ. ಬರಹಗಾರರ ಕೋಣೆಯಲ್ಲಿ ಸಹಾಯಕಿಯಾಗಿದ್ದವರು, ಕೊನೆಯ ಕಂತನ್ನು ಫೇ ಜೊತೆ ಬರೆದು 2013ರಲ್ಲಿ ಅಮೆರಿಕದ ಟೀವಿಯ ದೊಡ್ಡ ಪ್ರಶಸ್ತಿ ಎಮ್ಮಿ ಗೆದ್ದರು. 2017ರಲ್ಲಿ ಎನ್‌ಬಿಸಿಯಲ್ಲೇ ಸ್ವಂತ ಧಾರಾವಾಹಿ ತಂದರು.

ಬರವಣಿಗೆ ನೋಡಬೇಕಾದರೆ ಮೊದಲ ಕಂತಿನ ಮೊದಲ ನಿಮಿಷವೇ ಸಾಕು. ಲಿಜ್ ಹಾಟ್‌ಡಾಗ್ ಗಾಡಿಯ ಮುಂದೆ ಸಾಲಲ್ಲಿ ನಿಂತಿದ್ದಾಳೆ. ಒಬ್ಬ ಪಕ್ಕದಲ್ಲೇ ಇನ್ನೊಂದು ಸಾಲು ಶುರು ಮಾಡ್ತಾನೆ. ಅವನಿಗೆ ಒಂದೂ ಸಿಗಬಾರದು ಅಂತ ಇವಳು ಅಷ್ಟನ್ನೂ ಕೊಂಡುಬಿಡ್ತಾಳೆ. ನ್ಯಾಯದ ಹಟ, ಅದರಿಂದ ತನಗೇ ನಷ್ಟ: ಮುಂದಿನ ಏಳು ಸೀಸನ್ ಓಡೋದು ಇದೇ ಇಂಧನದ ಮೇಲೆ.

ಹಾಗಂತ ಶುರುವಿನಿಂದಲೇ ಎಲ್ಲ ಸಲೀಸಾಗಿಲ್ಲ. ಮೊದಲ ಆರು ಕಂತು ಎಡವುತ್ತವೆ. ಪಾತ್ರಗಳ ವೇಗ ಒಂದಕ್ಕೊಂದು ಹೊಂದೋದು 7ನೆಯದರಲ್ಲಿ. ಬೇಸರವಾದರೆ ಅಲ್ಲಿಂದಲೇ ಹಿಡಿಯಿರಿ. ಲಿಜ್‌ಳ ಶೋನ ನಟಿ ಜೆನ್ನಾಳ ಪಾತ್ರ ಮೊದಲು ರೇಚಲ್ ಡ್ರ್ಯಾಚ್ ಅವರದ್ದು, ಆಮೇಲೆ ಜೇನ್ ಕ್ರಾಕೋವ್‌ಸ್ಕಿಗೆ ಹೋಯಿತು. ಡ್ರ್ಯಾಚ್ ಆಗಾಗ ಬೇರೆ ಬೇರೆ ವೇಷದಲ್ಲಿ ಇಣುಕೋದು ಅದಕ್ಕೇ. 2ನೇ ಸೀಸನ್‌ನಲ್ಲಿ 15 ಕಂತು ಮಾತ್ರ ಇರೋದು ಡಿವಿಡಿ ಸೆಟ್‌ನ ದೋಷವಲ್ಲ, 2007–08ರ ಬರಹಗಾರರ ಮುಷ್ಕರದ ಫಲ. ಅದೇ ಗಿಡ್ಡ ಸೀಸನ್ 2008ರಲ್ಲಿ ಫೇಗೆ ನಟನೆ, ಬರವಣಿಗೆ, ಅತ್ಯುತ್ತಮ ಕಾಮಿಡಿ ಮೂರಕ್ಕೂ ಎಮ್ಮಿ ತಂದಿತು. 4ನೆಯದು ನಮ್ಮ ಪ್ರಕಾರ ಸ್ವಲ್ಪ ಸುಸ್ತು. ಮುಂದೆ ಕಥೆಯಲ್ಲಿ ಚಾನೆಲ್‌ನ ಮಾಲೀಕ ಕಂಪನಿ ಜಿಇ ಹೋಗಿ ‘ಕೇಬಲ್‌ಟೌನ್’ ಅನ್ನೋ ಹೊಸ ಮಾಲೀಕ ಕಂಪನಿ ಬರೋದು, ನಿಜಜೀವನದಲ್ಲಿ ಎನ್‌ಬಿಸಿಯನ್ನು ಕಾಮ್‌ಕಾಸ್ಟ್ ಕೊಂಡಿದ್ದರ ಗೇಲಿ. ಇದು ಗೊತ್ತಿಲ್ಲದಿದ್ದರೆ ಅರ್ಧ ಜೋಕ್ ತಲೆಮೇಲೆ ಹಾರಿಹೋಗ್ತವೆ.

ಸ್ಟ್ರೀಮಿಂಗ್‌ನಲ್ಲೇ ನೋಡೋರು ಆಟೋಪ್ಲೇ ಆಫ್ ಮಾಡಿ, ಸಬ್‌ಟೈಟಲ್ ಆನ್ ಮಾಡಿ. ಒಂದು ಜೋಕ್‌ಗೆ ನಕ್ಕು ಮುಗಿಸೋಷ್ಟರಲ್ಲಿ ಇನ್ನೊಂದು ಹೋಗಿರುತ್ತೆ. ಹಿಂದಿನ ಗೋಡೆಯ ಬೋರ್ಡುಗಳಲ್ಲೂ ಜೋಕ್ ಇರ್ತವೆ, ಅವಕ್ಕೆ ಮಾತ್ರ ಪಾಜ್ ಬಟನ್ನೇ ಗತಿ.