1933ಕ್ಕೆ ಕರೆ ಮಾಡುವ ಮುನ್ನ: ಮುಂಬೈ-ಪುಣೆಯ ಕನ್ನಡಿಗರಿಗೆ ಮಾನಸ್ ಸಹಾಯವಾಣಿಯ ಪರಿಚಯ

ಮಾದಕವಸ್ತು ದಂಧೆಯ ಸುಳಿವು ಕೊಡಲು ಕೇಂದ್ರ ಸರ್ಕಾರ 2024ರ ಜುಲೈ 18ರಂದು ಶುರುಮಾಡಿದ ಸಹಾಯವಾಣಿ ‘ಮಾನಸ್’. ನಡೆಸುವುದು ಎನ್‌ಸಿಬಿ, ಅಂದರೆ ಕೇಂದ್ರದ ಮಾದಕವಸ್ತು ನಿಯಂತ್ರಣ ಬ್ಯೂರೋ. ಕರೆ ಉಚಿತ, ಹಗಲೂ ರಾತ್ರಿಯೂ ಮಾಡಬಹುದು, ಹೆಸರು ಹೇಳಬೇಕಿಲ್ಲ. ಫೋನ್ ಬೇಡವಾದರೆ ಸರ್ಕಾರದ ಉಮಂಗ್ ಆ್ಯಪ್ ಇದೆ. ಒಳ್ಳೆಯ ಸೇವೆ, ಧೈರ್ಯವಾಗಿ ಬಳಸಿ. ಆದರೆ ನೀವು ಹೇಳುವ ಮಾತು ಎಂಥದೋ ಫಲವೂ ಅಂಥದೇ.

“ನಮ್ಮ ಗಲ್ಲಿಯಲ್ಲಿ ಹುಡುಗರು ಎಂ.ಡಿ. ತಗೋತಾರೆ” ಅಂದಷ್ಟೇ ಹೇಳಿದರೆ ಸಿಕ್ಕಿಬೀಳುವವನು ಜೇಬಲ್ಲಿ ಒಂದು ಪುಡಿ ಇಟ್ಟುಕೊಂಡ ಹುಡುಗ. ಎಂ.ಡಿ., ಅಂದರೆ ಮೆಫೆಡ್ರೋನ್ ಎಂಬ ರಾಸಾಯನಿಕ ಮಾದಕವಸ್ತು, 50 ಗ್ರಾಂ ಮೀರಿದರೆ ಕಾನೂನಿನ ಲೆಕ್ಕದಲ್ಲಿ ವಾಣಿಜ್ಯ ಪ್ರಮಾಣ. ಕನಿಷ್ಠ 10 ವರ್ಷದ ಶಿಕ್ಷೆ, ಜಾಮೀನಿನ ಬಿಗಿ ಎರಡೂ ಅಲ್ಲಿಂದ ಮೇಲೆ. ಬೀದಿಯ ಹುಡುಗ ಒಳಗೆ ಹೋದರೆ ಮಾಲು ಇಳಿಸುವವನಿಗೆ ಮರುದಿನ ಇನ್ನೊಬ್ಬ ಸಿಗುತ್ತಾನೆ. ಸಣ್ಣಪುಟ್ಟವರೆಲ್ಲ ಜೈಲು ಸೇರಿದಷ್ಟೂ ವಕೀಲರಿಗೆ, ಗೋದಾಮಿಗೆ ದುಡ್ಡು ಸುರಿಯಬಲ್ಲ ದೊಡ್ಡ ಗ್ಯಾಂಗಿಗೇ ಅನುಕೂಲ.

ಗ್ಯಾಂಗಿನ ಬೆನ್ನು ಮುರಿಯುವುದು ತಯಾರಿಕೆಯ ಜಾಗ ಸಿಕ್ಕಾಗ. 2024ರ ಫೆಬ್ರುವರಿಯಲ್ಲಿ ಪುಣೆ ಪೊಲೀಸರು ದೌಂಡ್ ಬಳಿಯ ಕುರಕುಂಭ ಎಂಐಡಿಸಿ ಕೈಗಾರಿಕಾ ಪ್ರದೇಶದ ಕಾರ್ಖಾನೆಯನ್ನು ಹಿಡಿದದ್ದು ಇದಕ್ಕೆ ಉದಾಹರಣೆ. 2025ರ ಜುಲೈನಲ್ಲಿ ಮುಂಬೈಯ ಸಾಕಿನಾಕಾ ಪೊಲೀಸರು ಸಣ್ಣ ಪ್ರಮಾಣದ ಮಾಲಿನಿಂದ ಕೊಂಡಿ ಹಿಡಿದು ಹೊರಟು ತಲುಪಿದ್ದು ನಮ್ಮ ಮೈಸೂರಿನ ತಯಾರಿಕೆಯ ಜಾಗವನ್ನು; ಆ ಪ್ರಕರಣದ ಮಾಲಿನ ಬೆಲೆ ಸುಮಾರು 390 ಕೋಟಿ. ಒಂದು ರಾಜ್ಯದಲ್ಲಿ ಬಿಲ ಮುಚ್ಚಿದರೆ ಪಕ್ಕದ ರಾಜ್ಯದಲ್ಲಿ ತೋಡುತ್ತಾರೆ.

ಆದ್ದರಿಂದ ಜಾಗ ಹೇಳಿ: ಗಾಳಾ (ಗೋದಾಮು-ಕಾರ್ಖಾನೆಯ ಕೋಣೆ) ನಂಬರು, ರಸ್ತೆ, ವಾಹನದ ನಂಬರು, ಬಂದುಹೋಗುವ ಹೊತ್ತು. ಅರ್ಧ ಇಳಿಸಿದ ಶಟರ್, ರಾತ್ರಿಯಿಡೀ ತಿರುಗುವ ಎಕ್ಸಾಸ್ಟ್ ಫ್ಯಾನ್, ಲೇಬಲ್ ಕೆರೆದು ತೆಗೆದ ನೀಲಿ ಡ್ರಮ್ಮು, ಮೂಗು ಉರಿಸುವ ವಾಸನೆ, ಇವನ್ನು ಕಂಡಂತೆಯೇ ಹೇಳಿ. ಮಾದಕವಸ್ತು ತಡೆಯ ಎನ್‌ಡಿಪಿಎಸ್ ಕಾಯ್ದೆಯ 42ನೇ ಸೆಕ್ಷನ್ ಪ್ರಕಾರ ಅಧಿಕಾರಿ ಸುಳಿವನ್ನು ಬರೆದುಕೊಂಡು 72 ಗಂಟೆಯೊಳಗೆ ಮೇಲಧಿಕಾರಿಗೆ ಕಳಿಸಬೇಕು. ಇಲ್ಲಿ ತಪ್ಪಿದರೆ ಕೋರ್ಟಿನಲ್ಲಿ ಕೇಸು ಬೀಳಬಹುದು. ಸುಳಿವು ಕೊಟ್ಟವರು ಯಾರೆಂದು ಹೇಳಲು ಅಧಿಕಾರಿಯನ್ನು ಯಾರೂ ಒತ್ತಾಯಿಸುವಂತಿಲ್ಲ, ಅದು 68ನೇ ಸೆಕ್ಷನ್. ಹೆಸರು ಸೊಸೈಟಿಯ ವಾಟ್ಸಾಪ್ ಗ್ರೂಪಿನಿಂದಲೂ ಸೋರಬಹುದು. ಅಲ್ಲಿ ಬಾಯಿ ಬಿಡಬೇಡಿ. ಒಳಗೆ ಇಣುಕಲೂ ಬೇಡಿ. ಜೀವಕ್ಕೆ ಅಪಾಯವಿದ್ದರೆ 112.

ಹೋಟೆಲು, ಲಾಡ್ಜು, ಗಾಳಾ ಬಾಡಿಗೆಗೆ ಕೊಡುವವರು ನೆನಪಿಡಿ: ಗೊತ್ತಿದ್ದೂ ಜಾಗ ಕೊಟ್ಟರೆ 25ನೇ ಸೆಕ್ಷನ್ ಮಾಲೀಕನ ಮೇಲೂ ಬರುತ್ತದೆ.

ಒಂದು ಕೊರತೆ ಹೇಳಲೇಬೇಕು. ಮಾನಸಿಕ ಆರೋಗ್ಯದ ಸಹಾಯವಾಣಿಗೂ ‘ಟೆಲಿ ಮಾನಸ್’ ಎಂದೇ ಹೆಸರು, ಸಂಖ್ಯೆ 14416. ಗಾಬರಿಯಲ್ಲಿರುವ ತಾಯಿ ಒಂದಕ್ಕೆ ಬದಲು ಇನ್ನೊಂದಕ್ಕೆ ಮಾಡುವುದು ಸಹಜ, ಹೆಸರಿಡುವಾಗ ಇದನ್ನು ಯೋಚಿಸಬೇಕಿತ್ತು. ಮನೆಯ ಮಗನೇ ಚಟಕ್ಕೆ ಬಿದ್ದಿದ್ದರೆ ವ್ಯಸನಮುಕ್ತಿಗೆಂದೇ ಇರುವ 14446ಕ್ಕೆ ಮಾಡಿ. ಸೇವನೆಯ ಅಥವಾ ಅಲ್ಪ ಪ್ರಮಾಣದ ಕೇಸಿದ್ದು, ಅವನಾಗಿಯೇ ಸರ್ಕಾರಿ ಅಥವಾ ಮಾನ್ಯತೆ ಪಡೆದ ಕೇಂದ್ರದಲ್ಲಿ ಚಿಕಿತ್ಸೆಗೆ ಮುಂದಾದರೆ 64ಎ ಸೆಕ್ಷನ್ ಮೊಕದ್ದಮೆಯಿಂದ ರಕ್ಷಣೆ ಕೊಡುತ್ತದೆ. ಚಿಕಿತ್ಸೆ ಅರ್ಧಕ್ಕೆ ಬಿಟ್ಟರೆ ಆ ರಕ್ಷಣೆ ಹಿಂದಕ್ಕೆ ಹೋಗಬಹುದು. ದಾಖಲಾತಿಯ ಕಾಗದದಿಂದ ಡಿಸ್ಚಾರ್ಜ್‌ ಕಾಗದದವರೆಗೆ ಎಲ್ಲವನ್ನೂ ಜೋಪಾನವಾಗಿಡಿ.