ಪಿಸಿಎಲ್-ಆರ್ ಕಿಟ್: ಹಳೆಯ ಕಾಗದದ ಕಟ್ಟು ಸಿಗುವಂತಿದ್ದರಷ್ಟೇ ಕೊಳ್ಳಿ

ಸೈಕೋಪತಿ, ಅಂದರೆ ಕನಿಕರ, ಪಶ್ಚಾತ್ತಾಪವಿಲ್ಲದೆ ಇತರರನ್ನು ಮೋಸಮಾಡಿ ಬಳಸಿಕೊಳ್ಳುವ ಸ್ವಭಾವ. ಅದನ್ನು ಅಳೆಯಲು ಕೆನಡಾದ ಮನೋವಿಜ್ಞಾನಿ ರಾಬರ್ಟ್ ಹೇರ್ ರೂಪಿಸಿದ ಪಿಸಿಎಲ್-ಆರ್ (ಸೈಕೋಪತಿ ಚೆಕ್‌ಲಿಸ್ಟ್-ರಿವೈಸ್ಡ್) ಕಿಟ್ಟನ್ನು ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿ ಕಡೆ ಕೆಲಸ ಮಾಡುವ ಕ್ಲಿನಿಕಲ್ ಸೈಕಾಲಜಿಸ್ಟ್ ಕೊಳ್ಳಬೇಕೆ? ಜೈಲು, ಕೋರ್ಟಿನ ಕೇಸು ನೋಡುವವರು, ಪೊಲೀಸ್ ಮತ್ತು ಶಾಲೆಯ ದಾಖಲೆ ತರಿಸಿಕೊಳ್ಳಬಲ್ಲವರು ಖಂಡಿತ ಕೊಳ್ಳಲಿ. ಒಪಿಡಿಯಲ್ಲಿ ಕೂತು ರೋಗನಿರ್ಣಯ ಬರೆಯುವವರಿಗೆ ಇದು ಬೇಕಾಗಿಲ್ಲ.

ಪೆಟ್ಟಿಗೆಯಲ್ಲಿ ಕೈಪಿಡಿ, ಸಂದರ್ಶನದ ಪುಸ್ತಿಕೆ, ಅಂಕ ಕೊಡುವ ವಿವರಣೆಯ ಪುಸ್ತಿಕೆ, ಲೆಕ್ಕದ ಹಾಳೆಗಳು ಇರುತ್ತವೆ. ಮೊದಲ ಆವೃತ್ತಿ 1991ರದು, ಎರಡನೆಯದು 2003ರದು. ಅಂಶಗಳು 20, ಪ್ರತಿಯೊಂದಕ್ಕೂ 0, 1 ಅಥವಾ 2, ಒಟ್ಟು 40. ಉತ್ತರ ಅಮೆರಿಕದಲ್ಲಿ 30 ಅಥವಾ ಅದಕ್ಕಿಂತ ಹೆಚ್ಚು ಬಂದರೆ ಸೈಕೋಪತಿ ಅನ್ನುತ್ತಾರೆ, ಯುರೋಪಿನಲ್ಲಿ 25ನ್ನು ಗೆರೆಯಾಗಿ ಇಟ್ಟುಕೊಳ್ಳುವುದುಂಟು. ಇಪ್ಪತ್ತು ಅಂಶಗಳ ಹೆಸರು ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಸಿಗುತ್ತವೆ, ಅದನ್ನೇ ಝೆರಾಕ್ಸ್ ಮಾಡಿ ಟಿಕ್ ಹಾಕುವುದು ಶುದ್ಧ ತಪ್ಪು. ಯಾವುದಕ್ಕೆ 1, ಯಾವುದಕ್ಕೆ 2 ಎಂದು ಹೇಳುವುದು ವಿವರಣೆಯ ಪುಸ್ತಿಕೆ. ನೀವು ದುಡ್ಡು ಕೊಡುವುದು ಅದಕ್ಕೇ.

ಮುಂದೆ ಹೋಗುವ ಮೊದಲು ಒಂದು ಗೊಂದಲ ಬಗೆಹರಿಯಬೇಕು. ಸೈಕೋಪತಿ ಬೇರೆ, ಸಮಾಜವಿರೋಧಿ ವ್ಯಕ್ತಿತ್ವ ದೋಷ ಬೇರೆ. ಎರಡನೆಯದು ಅಮೆರಿಕದ ಮನೋವೈದ್ಯರ ಸಂಘದ ಕೈಪಿಡಿಯಾದ ಡಿಎಸ್ಎಮ್-5ರಲ್ಲಿರುವ ರೋಗನಿರ್ಣಯ: ವಯಸ್ಸು 18 ತುಂಬಿರಬೇಕು, 15ಕ್ಕೆ ಮೊದಲೇ ನಡತೆಯ ದೋಷದ ಕುರುಹು ಇರಬೇಕು, 15ರ ನಂತರ ಏಳು ಲಕ್ಷಣಗಳಲ್ಲಿ ಮೂರಾದರೂ ಇರಬೇಕು, ಸ್ಕಿಜೋಫ್ರೇನಿಯಾ ಅಥವಾ ಬೈಪೋಲಾರ್ ಕಾಯಿಲೆಯ ಅವಧಿಯಲ್ಲಷ್ಟೇ ಕಂಡದ್ದಾಗಿರಬಾರದು. ಇದು ಬಹುಪಾಲು ನಡವಳಿಕೆಯನ್ನು ನೋಡುತ್ತದೆ. ಪಿಸಿಎಲ್-ಆರ್ ಅದರ ಜೊತೆಗೆ ಸವಿಮಾತಿನ ಮೋಸ, ದೊಡ್ಡಸ್ತಿಕೆ, ಆಳವಿಲ್ಲದ ಭಾವನೆ, ಕನಿಕರವಿಲ್ಲದ ಮನಸ್ಸು ಇವನ್ನೂ ತೂಗುತ್ತದೆ. ಹಾಗಾಗಿ ಜೈಲಿನಲ್ಲಿ ಸಮಾಜವಿರೋಧಿ ವ್ಯಕ್ತಿತ್ವ ದೋಷದ ಹಣೆಪಟ್ಟಿಗೆ ಹೊಂದುವವರು ಬಹಳ, 30 ಮುಟ್ಟುವವರು ಕಡಿಮೆ. ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿಯಾದ ಐಸಿಡಿ-11ರ ದಾರಿಯೇ ಇನ್ನೊಂದು: ಮೊದಲು ವ್ಯಕ್ತಿತ್ವ ದೋಷ ಇದೆಯೇ, ಎಷ್ಟು ತೀವ್ರ ಎಂದು ನೋಡಿ, ಆಮೇಲೆ ಡಿಸೋಶಿಯಾಲಿಟಿ (ಇತರರ ಹಕ್ಕು, ಭಾವನೆಗಳನ್ನು ಲೆಕ್ಕಿಸದಿರುವುದು) ಎಂಬ ಗುಣವನ್ನು ಸೇರಿಸಿ ಬರೆಯಬೇಕು. ನಮ್ಮ 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ಐಸಿಡಿಯನ್ನು ಹೆಸರಿಸುವುದರಿಂದ ಕೇಸ್ ಫೈಲಿನಲ್ಲಿ ಬರೆಯಬೇಕಾದ್ದು ಅದನ್ನು. ಸೈಕೋಪತಿ ಎಂಬ ರೋಗನಿರ್ಣಯ ಎರಡೂ ಪುಸ್ತಕದಲ್ಲಿ ಪ್ರತ್ಯೇಕವಾಗಿ ಇಲ್ಲ.

ಸಂದರ್ಶನಕ್ಕೆ ಒಂದೂವರೆಯಿಂದ ಎರಡು ತಾಸು, ದಾಖಲೆ ಓದಲು ಕನಿಷ್ಠ ಇನ್ನೊಂದು ತಾಸು ಇಟ್ಟುಕೊಳ್ಳಿ. ದಾಖಲೆ ಗಟ್ಟಿಯಾಗಿದ್ದರೆ ಸಂದರ್ಶನವಿಲ್ಲದೆಯೂ ಅಂಕ ಕೊಡಬಹುದು, ಆದರೆ ದಾಖಲೆ ಇಲ್ಲದೆ ಬರೀ ಸಂದರ್ಶನದಿಂದ ಕೊಡುವಂತಿಲ್ಲ. ಸುಳ್ಳು ಹೇಳುವ ಗುಣವನ್ನೇ ಅಳೆಯುವಾಗ ಎದುರು ಕೂತವನ ಮಾತೊಂದನ್ನೇ ನಂಬಿ ಕೂಡುವುದು ಹೇಗೆ? ಎಫ್ಐಆರ್, ಚಾರ್ಜ್‌ಶೀಟ್, ಜೈಲಿನ ದಾಖಲೆ, ಶಾಲೆಯ ಟಿಸಿ, ತಾಯಿ ಮತ್ತು ಓಣಿಯವರ ಹೇಳಿಕೆ ಎಲ್ಲ ಮುಂದಿರಬೇಕು. ಅಂಕ ಕೊಡುವುದು ಇಡೀ ಬದುಕಿನ ನಡತೆಗೆ, ಇವತ್ತಿನ ಮುಖಭಾವಕ್ಕಲ್ಲ. ಖಿನ್ನತೆಯಲ್ಲಿರುವವನೂ ಸೈಕೋಸಿಸ್ ಮಾತ್ರೆ ನುಂಗುತ್ತಿರುವವನೂ ಭಾವನೆಯೇ ಇಲ್ಲದವರಂತೆ ಕಾಣುತ್ತಾರೆ. ಕುಡಿತ, ಮೇನಿಯಾ, ಬೈಕಿನಿಂದ ಬಿದ್ದು ತಲೆಗೆ ಪೆಟ್ಟಾದ ಮೇಲೆ ಬದಲಾದ ಸ್ವಭಾವ, ಇವು ಕಾರಣವಲ್ಲವೆಂದು ಮೊದಲು ಖಚಿತಪಡಿಸಿಕೊಳ್ಳಿ.

ನಮ್ಮ ಭಾಗದಲ್ಲಿ ಎಡವುವುದು ವಯಸ್ಸಿನಲ್ಲಿ. ಈ ಕಿಟ್ಟಿನಲ್ಲಿ ಬಾಲ್ಯದ ದುರ್ನಡತೆಯ ಅಂಶಕ್ಕೆ ಗೆರೆ 12 ವರ್ಷ, ಬಾಲಾಪರಾಧಕ್ಕೆ 17, ಡಿಎಸ್ಎಮ್‌ಗೆ 15. ಆದರೆ ಹಳೆಯ ಟಿಸಿಗಳಲ್ಲಿ ಎಷ್ಟೋ ಜನರ ಹುಟ್ಟಿದ ದಿನ ಜೂನ್ 1, ಮಾಸ್ತರರು ಹೆಸರು ಹಚ್ಚಿಕೊಳ್ಳುವಾಗ ಬರೆದದ್ದು. ಅದನ್ನು ನಂಬಿ 15ರ ಒಳಗೋ ಹೊರಗೋ ಎಂದು ತೀರ್ಮಾನಿಸಬೇಡಿ. ರೋಣದ ಕಡೆಯವರಾದರೆ 2009ರ ಮಹಾಪೂರದ ವರ್ಷ ಯಾವ ಕ್ಲಾಸಿನಲ್ಲಿದ್ದ ಎಂದು ಕೇಳಿ, ಅಲ್ಲಿಂದ ಹಿಂದೆ ಮುಂದೆ ಎಣಿಸಿ. ತಾಯಿಯ ಹತ್ತಿರ ಪುಸ್ತಕದ ಕನ್ನಡ ಬೇಡ. “ಸಣ್ಣಾಂವ ಇದ್ದಾಗ ಸಾಲಿ ತಪ್ಪಸ್ತಿದ್ನೇನ್ರಿ? ಮನ್ಯಾಗ ಹೇಳದ ರಾತ್ರಿ ಹೊರಗ ಉಳೀತಿದ್ನೇನು? ನಾಯಿ-ಬೆಕ್ಕಿಗೆ ಬೇಕಂತ ನೋವು ಮಾಡ್ತಿದ್ನೇನು?” ಇಷ್ಟು ಕೇಳಿದರೆ ಆಕೆಗೆ ನೆನಪು ಬರುತ್ತದೆ. “ಉಡಾಳ ಇದ್ದ” ಎಂಬ ಒಂದೇ ಮಾತಿಗೆ ಅಂಕ ಕೊಡಬೇಡಿ. ಆ ಪದ ಗೋಲಿ ಆಡುವ ಹುಡುಗನಿಗೂ ಸಲ್ಲುತ್ತದೆ.

ಕೈಪಿಡಿಯೊಳಗಿನ ಬದುಕು ಕೆನಡಾ, ಅಮೆರಿಕದ್ದು. ಪರಾವಲಂಬಿ ಬದುಕು ಎಂಬ ಅಂಶವನ್ನು ಕೂಡು ಕುಟುಂಬದಲ್ಲಿ ಅಪ್ಪನ ಹೊಲದ ಮೇಲೆ ಇರುವ ಮಗನಿಗೆ ಹಚ್ಚಿದರೆ ಅರ್ಧ ಊರಿಗೆ 2 ಕೊಡಬೇಕಾದೀತು. ಬಿತ್ತಿಗೆ, ಸುಗ್ಗಿಗೆ ಕೈ ಹಚ್ಚುತ್ತಾನೋ, ಇಲ್ಲ ಹೆದರಿಸಿಯೋ ಪುಸಲಾಯಿಸಿಯೋ ಅವ್ವನ ಬಂಗಾರ ಅಡ ಇಡಿಸುತ್ತಾನೋ ನೋಡಿ. ದುಡಿಯಲು ಗೋವಾ, ಮಂಗಳೂರಿಗೆ ಹೋಗಿ ಬರುವುದು ಗುರಿಗೇಡಿತನವಲ್ಲ. “ನನ್ನ ಹಣೇಬರಾ” ಎಂದವನು ಹೊಣೆ ಜಾರಿಸಿಕೊಂಡ ಎಂದಾಗಲಿ, “ತಪ್ಪಾತ್ರೀ” ಎಂದವನಿಗೆ ಪಶ್ಚಾತ್ತಾಪವಿದೆ ಎಂದಾಗಲಿ ತಿಳಿಯಬೇಡಿ. ಎರಡೂ ನಾಲಿಗೆಯ ತುದಿಯ ಮಾತು. ರೊಕ್ಕ ಹೊಳ್ಳಿ ಕೊಟ್ಟನೇ, ಅದೇ ತಪ್ಪನ್ನು ಮತ್ತೆ ಮಾಡಿದನೇ, ಅದು ಲೆಕ್ಕ. ಹಲವು ಅಲ್ಪಾವಧಿಯ ಮದುವೆಗಳ ಅಂಶಕ್ಕೆ ಹಿರಿಯರು ನೋಡಿ ಮಾಡಿದ ಮದುವೆಯ ನಾಡಿನಲ್ಲಿ ಸೊನ್ನೆ ಬರುವುದೇ ಹೆಚ್ಚು, ಅದರಿಂದ ಏನೂ ಸಾಬೀತಾಗುವುದಿಲ್ಲ.

ಲೆಕ್ಕದಲ್ಲೂ ಬಲೆಯಿದೆ. ಮಾಹಿತಿ ಸಿಗದ ಅಂಶ ಬಿಡಬಹುದು, ಐದರವರೆಗೆ, ಆಮೇಲೆ ಉಳಿದದ್ದನ್ನು 20ಕ್ಕೆ ಹಿಗ್ಗಿಸುತ್ತಾರೆ. 18 ಅಂಶಗಳಿಗೆ 27 ಬಂದರೆ ಅದು ಸರಿಯಾಗಿ 30 ಆಗುತ್ತದೆ. ಖಾಲಿ ಬಿಟ್ಟ ಎರಡು ಮನೆ ಒಬ್ಬನನ್ನು ಗೆರೆ ದಾಟಿಸಿದಂತಾಯಿತು. ಮೇಲಾಗಿ ಅಳತೆಯ ದೋಷವೇ ಸುಮಾರು 3 ಅಂಕ. 28 ಮತ್ತು 31ರ ನಡುವೆ ಅಷ್ಟೇನೂ ಅಂತರವಿಲ್ಲ. ಇಬ್ಬರು ಬೇರೆ ಬೇರೆಯಾಗಿ ಅಂಕ ಕೊಟ್ಟು ಸರಾಸರಿ ತೆಗೆಯುವುದೇ ಒಳ್ಳೆಯದು. ಅಂಕ ಹಾಕಲು ತರಬೇತಿ ಪಡೆದವರೇ ಬೇಕು.

ಮದುವೆಯ ವ್ಯಾಜ್ಯದಲ್ಲಿ ಗಂಡನಿಗೋ ಹೆಂಡತಿಗೋ ಹಣೆಪಟ್ಟಿ ಹಚ್ಚಲು ಈ ಕಿಟ್ ಬಳಸಬೇಡಿ. ಹದಿಹರೆಯದವರಿಗೆ 12ರಿಂದ 18ರ ವಯಸ್ಸಿಗೆಂದೇ ಬೇರೆ ಆವೃತ್ತಿಯಿದೆ, ಅಲ್ಲೂ ಮಗುವಿಗೆ ಹಣೆಪಟ್ಟಿ ಹಚ್ಚಬಾರದು. ಹೆಚ್ಚಿನ ಅಂಕ ಬಂತೆಂದು ಭಾರತೀಯ ನ್ಯಾಯ ಸಂಹಿತೆಯ 22ನೇ ಕಲಮಿನ ಬುದ್ಧಿವಿಕಲತೆಯೂ ಆಗುವುದಿಲ್ಲ, ಅಲ್ಲಿ ನೋಡುವುದು ಕೃತ್ಯದ ಹೊತ್ತಿನಲ್ಲಿ ಅದು ಏನೆಂದು, ತಪ್ಪೆಂದು ತಿಳಿಯುವ ಶಕ್ತಿ ಇತ್ತೇ ಎಂಬುದನ್ನು. ವರದಿಯಲ್ಲಿ ಒಟ್ಟು ಅಂಕ, ಅದರ ಹಿಂದುಮುಂದಿನ 3, ಬಿಟ್ಟ ಅಂಶಗಳು, ಓದಿದ ಪ್ರತಿ ದಾಖಲೆಯ ತಾರೀಖು ಬರೆಯಿರಿ. ಮನುಷ್ಯನನ್ನು ಸೈಕೋಪಾತ್ ಎಂದು ಕರೆಯುವ ಸಾಲು ಅಲ್ಲಿ ಬೇಡ.