ಪ್ರತಿ ಬುಧವಾರ ಹೋದ 249 ರೂಪಾಯಿ

ಬೇರೆಯವರ ಲೆಕ್ಕದಲ್ಲಿ ಹತ್ತು ರೂಪಾಯಿ ಆಚೀಚೆ ಆದರೂ ರಾತ್ರಿ ಊಟ ಸೇರದವನು ನಾನು. ಹಿರಿಯಡ್ಕದ ಕಡೆ ಒಂದು ಗೇರುಬೀಜದ ಕಾರ್ಖಾನೆಯಲ್ಲಿ ಲೆಕ್ಕ ಬರೆಯುವ ಕೆಲಸ. ಅಂಥವನ ಉಳಿತಾಯ ಖಾತೆಯಿಂದ ಹತ್ತೊಂಬತ್ತು ವಾರ, ಪ್ರತಿ ಬುಧವಾರ, 249 ರೂಪಾಯಿ ಹೋಗಿದೆ. ಒಟ್ಟು 4,731. ನನಗೆ ಸುದ್ದಿಯೇ ಇಲ್ಲ. ನಾಚಿಕೆ ಬಿಟ್ಟು ಬರೆಯುತ್ತಿದ್ದೇನೆ. ಆಫೀಸಿನಲ್ಲಿ ಈ ಕತೆ ಹೇಳಿದಾಗ ಇಬ್ಬರು ಅಲ್ಲೇ ಮೊಬೈಲ್ ತೆಗೆದು ನೋಡಿ ಮುಖ ಸಣ್ಣ ಮಾಡಿಕೊಂಡರು.

ಗೊತ್ತಾದದ್ದು ನವೆಂಬರಿನಲ್ಲಿ. ಸ್ಕೂಟರ್ ಸಾಲಕ್ಕೆ ಆರು ತಿಂಗಳ ಸ್ಟೇಟ್‌ಮೆಂಟ್ ಬೇಕಿತ್ತು. ಬ್ಯಾಂಕಿನಲ್ಲಿ ಪ್ರಿಂಟ್ ತೆಗೆಸಿಕೊಂಡು, ಸಂತೆಕಟ್ಟೆಯ ಮನೆಗೆ ಬಂದು, ಅಭ್ಯಾಸಬಲದಿಂದ ಪೆನ್ಸಿಲ್ ಹಿಡಿದು ಟಿಕ್ ಹಾಕುತ್ತಾ ಹೋದೆ. ಹಾಲು, ಗ್ಯಾಸು, ಕರೆಂಟು, ಮಗಳ ಬಸ್ ಪಾಸು. ನಡುವೆ ಒಂದು ಸಾಲು: ಯುಪಿಐ ಎಂದು ಶುರು, ಆಮೇಲೆ ಉದ್ದದ ಅಂಕಿ, ಕೊನೆಗೆ ಯಾವುದೋ ಟೆಕ್ನಾಲಜೀಸ್ ಎಂಬ ಹೆಸರು. ಅದಕ್ಕೆ ಟಿಕ್ ಹಾಕಲಿಲ್ಲ, ಪ್ರಶ್ನೆಚಿಹ್ನೆ ಹಾಕಿದೆ. ಮುಂದಿನ ಪುಟದಲ್ಲಿ ಮತ್ತೆ ಅದೇ. ಅದರ ಮುಂದಿನದ್ದರಲ್ಲೂ. ಏಳು ಪುಟದಲ್ಲಿ ಹತ್ತೊಂಬತ್ತು ಪ್ರಶ್ನೆಚಿಹ್ನೆ. ಈ ಹೆಸರಿನ ಆ್ಯಪ್ ನನ್ನ ಮೊಬೈಲಿನಲ್ಲಿ ಇರಲಿಲ್ಲ, ಈ ಹೆಸರನ್ನು ನಾನು ಕೇಳಿದ್ದೂ ಇರಲಿಲ್ಲ.

“ನೀವೇ ಎಂತದೋ ಒತ್ತಿರ್ಬೇಕು” ಅಂದಳು ಹೆಂಡತಿ. ನನಗೆ ಸಿಟ್ಟು ಬಂತು. ಆಮೇಲೆ ಗೊತ್ತಾಯಿತು, ಅವಳು ಹೇಳಿದ್ದೇ ಸರಿ.

ಆದರೆ ಅಷ್ಟು ಗೊತ್ತಾಗುವ ಮೊದಲು ನಾನು ಎರಡು ದಡ್ಡತನ ಮಾಡಿದೆ. ಒಂದು, ಯಾರೋ ಕಳ್ಳರು ನುಗ್ಗಿದ್ದಾರೆ ಎಂದು ಗಡಿಬಿಡಿಯಲ್ಲಿ ಡೆಬಿಟ್ ಕಾರ್ಡ್ ಬ್ಲಾಕ್ ಮಾಡಿಸಿದ್ದು. ಹಣ ಹೋಗುತ್ತಿದ್ದದ್ದು ಯುಪಿಐ ದಾರಿಯಲ್ಲಿ. ಕಾರ್ಡ್ ಬ್ಲಾಕ್ ಮಾಡಿದರೆ ಅದಕ್ಕೆ ಏನೂ ಆಗುವುದಿಲ್ಲ. ಹೊಸ ಕಾರ್ಡ್ ಬರುವವರೆಗೆ ಎಟಿಎಂ ಇಲ್ಲದೆ ಕೂತದ್ದಷ್ಟೇ ಲಾಭ.

ಎರಡನೆಯದ್ದು ನೆನೆಸಿದರೆ ಈಗಲೂ ಬೆವರುತ್ತದೆ. ಆ ಕಂಪನಿಯ ಹೆಸರು ಹಾಕಿ ‘ಕಸ್ಟಮರ್ ಕೇರ್’ ಎಂದು ಇಂಟರ್ನೆಟ್ಟಿನಲ್ಲಿ ಹುಡುಕಿದೆ. ಒಂದು ಮೊಬೈಲ್ ನಂಬರ್ ಸಿಕ್ಕಿತು. ಮಾಡಿದೆ. ಆಚೆಯಿಂದ ಹಿಂದಿಯಲ್ಲಿ ಬಹಳ ಮರ್ಯಾದೆಯ ಮಾತು: ಪೂರ್ತಿ ಹಣ ವಾಪಸ್ ಬರುತ್ತದೆ ಸರ್, ಒಂದು ಸಣ್ಣ ಆ್ಯಪ್ ಹಾಕಿಕೊಳ್ಳಿ, ನಿಮ್ಮ ಸ್ಕ್ರೀನ್ ನನಗೆ ಕಾಣಬೇಕು, ನಾನೇ ಎಲ್ಲ ಸರಿ ಮಾಡಿಕೊಡುತ್ತೇನೆ. ಲಿಂಕ್ ಬಂತು, ನಾನು ಒತ್ತಿಯೂ ಒತ್ತಿದೆ. ಇನ್‌ಸ್ಟಾಲ್ ಶುರುವಾಗುವಾಗ ಮಗಳು ಕೈಯಿಂದ ಫೋನ್ ಕಸಿದು ಕಾಲ್ ಕಟ್ ಮಾಡಿದಳು. “ಅಪ್ಪ, ನಿಮಗೆ ಮಂಡೆ ಸಮ ಉಂಟಾ?” 4,731ರ ಹಿಂದೆ ಹೋಗಿ ಮಗಳ ಕಾಲೇಜಿಗೆ ಇಟ್ಟ ದುಡ್ಡು ಕಳೆದುಕೊಳ್ಳುವವನಿದ್ದೆ. ಹಣ ವಾಪಸ್ ಕೊಡುವವರಿಗೆ ನಿಮ್ಮ ಸ್ಕ್ರೀನ್ ಯಾಕೆ ಕಾಣಬೇಕು? ಆ ಹೊತ್ತಿಗೆ ಇಷ್ಟು ಸರಳ ಪ್ರಶ್ನೆ ಹೊಳೆಯುವುದಿಲ್ಲ ನೋಡಿ. ಹಾಗೆ ನಿಜವಾಗಿಯೂ ಮೋಸವಾಗಿ ದುಡ್ಡು ಹೋದರೆ ತಡಮಾಡದೆ ಒತ್ತಬೇಕಾದ ನಂಬರ್ ಸೈಬರ್ ಮೋಸದ ಸಹಾಯವಾಣಿ 1930.

ಮತ್ತೆ ಮಗಳೇ ಕೂತು ಹುಡುಕಿದಳು. ನನ್ನ ಯುಪಿಐ ಆ್ಯಪ್‌ನಲ್ಲಿ, ಮೇಲೆ ನಮ್ಮ ಫೋಟೋ ಇರುವಲ್ಲಿ ಒತ್ತಿದರೆ, ಒಳಗೆ ‘ಆಟೋಪೇ’ ಎಂಬ ಜಾಗ ಉಂಟು, ತಾನಾಗಿಯೇ ಹಣ ಕಡಿತವಾಗಲು ನಾವು ಕೊಟ್ಟ ಅಪ್ಪಣೆಗಳು ಇರುವಲ್ಲಿ. ವರ್ಷಗಟ್ಟಲೆ ಬಳಸಿದ ಆ್ಯಪ್, ಆ ಬಾಗಿಲು ನಾನು ತೆರೆದದ್ದೇ ಇಲ್ಲ. ಒಳಗೆ ಅದೇ ಟೆಕ್ನಾಲಜೀಸ್ ಕೂತಿತ್ತು. ವಾರಕ್ಕೊಮ್ಮೆ. 999 ರೂಪಾಯಿಯವರೆಗೆ. ಶುರುವಾದದ್ದು ಜುಲೈ 14. ಮುಗಿಯುವ ತಾರೀಕು ನೋಡಿದರೆ, ಅಷ್ಟು ಹೊತ್ತಿಗೆ ನನಗೆ ಎಂಬತ್ತು ದಾಟಿರುತ್ತದೆ.

ಜುಲೈ 14 ಅಂದಾಗ ಎಲ್ಲ ನೆನಪಾಯಿತು. ಆದಿತ್ಯವಾರ, ಹೊರಗೆ ಕೊಡೆಯೂ ನಿಲ್ಲದ ಮಳೆ, ಜೆರಾಕ್ಸ್ ಅಂಗಡಿ ಬಂದ್. ಮಗಳ ಸ್ಕಾಲರ್‌ಶಿಪ್ ಅರ್ಜಿಗೆ ನಾಲ್ಕು ಕಾಗದ ಒಂದೇ ಪಿಡಿಎಫ್ ಆಗಬೇಕಿತ್ತು. ಫೋಟೋದಿಂದ ಪಿಡಿಎಫ್ ಮಾಡುವ ಒಂದು ಆ್ಯಪ್ ಹಾಕಿದೆ. ಕೆಲಸವೆಲ್ಲ ಮಾಡಿಕೊಟ್ಟು, ಫೈಲ್ ಉಳಿಸುವಾಗ ಅಡ್ಡ ಬಂತು: ಮೂರು ದಿನ ಬರೀ 1 ರೂಪಾಯಿ! ಅಡಿಯಲ್ಲಿ ಅರ್ಧ ಸ್ಕ್ರೀನ್ ತುಂಬುವ ಹಸಿರು ಗುಂಡಿ. ಗುಂಡಿಯ ಕೆಳಗೆ, ಬಿಳಿಯ ಮೇಲೆ ಬೂದು ಅಕ್ಷರದಲ್ಲಿ, ಇರುವೆ ಸಾಲಿನಂತೆ ಒಂದು ಸಾಲು. ಈಗ ಇನ್ನೊಂದು ಫೋನಿನಲ್ಲಿ ಅದೇ ಆ್ಯಪ್ ಹಾಕಿ ಕನ್ನಡಕ ಏರಿಸಿ ಓದಿದೆ: ಮೂರು ದಿನದ ನಂತರ ವಾರಕ್ಕೆ 249. ತಿಂಗಳಿಗೆ ಅಲ್ಲ, ವಾರಕ್ಕೆ. ಬೇಡವೆನ್ನುವ ಇಂಟು ಗುರುತು ಮೂಲೆಯಲ್ಲಿ ಇತ್ತು, ಆದರೆ ಮಂಜಿನಲ್ಲಿ ನಿಂತ ಹಾಗೆ. ಒಂದು ರೂಪಾಯಿ ತಾನೇ ಎಂದು ಪಿನ್ ಒತ್ತಿದೆ. ಆ ಪಿನ್ ಒಂದು ರೂಪಾಯಿಗೆ ಹಾಕಿದ್ದಲ್ಲ, ಮುಂದಿನ ಅಷ್ಟೂ ಬುಧವಾರಗಳಿಗೆ ಹಾಕಿದ ಸಹಿ. ಅರ್ಜಿ ಹೋಯಿತು, ಆ್ಯಪ್ ಡಿಲೀಟ್ ಮಾಡಿದೆ, ಮರೆತೆ.

ಡಿಲೀಟ್ ಮಾಡಿದರೆ ಮುಗಿಯಿತು ಎಂದು ತಿಳಿದವರು ನಾನೊಬ್ಬನೇ ಅಲ್ಲ ಎಂದು ಈಗ ಗೊತ್ತಾಗಿದೆ. ಬಾಡಿಗೆ ಮನೆಗೆ ಬೀಗ ಹಾಕಿ ಬಂದರೆ ಬಾಡಿಗೆ ನಿಲ್ಲುತ್ತದೆಯೇ? ಆ್ಯಪ್ ಫೋನಿನಲ್ಲಿದೆ, ಅಪ್ಪಣೆ ಬ್ಯಾಂಕಿನ ಕಡೆ ಇದೆ. ಎರಡೂ ಬೇರೆ.

ಮರುದಿನ ಬ್ಯಾಂಕಿಗೆ ಹೋಗಿ ಜೋರು ಮಾಡಿದೆ. ನನಗೆ ಹೇಳದೆ ಹೇಗೆ ಕೊಟ್ಟಿರಿ? ಅಲ್ಲಿದ್ದ ಮೇಡಂ ತಾಳ್ಮೆಯವರು. “ಸರ್, ಪಿನ್ ನೀವೇ ಹಾಕಿದ್ದಲ್ವಾ? ಪ್ರತಿ ಸಲ ಮೊದಲೇ ಮೆಸೇಜ್ ಕೂಡ ಬಂದಿರ್ತದೆ, ನೋಡಿ.” ನೋಡಿದೆ. ಬಂದಿತ್ತು. ಹತ್ತೊಂಬತ್ತೂ ಬಂದಿತ್ತು, ಸಾಲ ಬೇಕಾ, ಸೈಟ್ ಬೇಕಾ ಎನ್ನುವ ಮೆಸೇಜುಗಳ ರಾಶಿಯ ನಡುವೆ.

ರಿಸರ್ವ್ ಬ್ಯಾಂಕಿನ ನಿಯಮವೇ ಹಾಗೆ. 2021ರ ಅಕ್ಟೋಬರ್ 1ರಿಂದ, ಹೀಗೆ ತಾನಾಗಿಯೇ ಕಡಿತವಾಗುವ ಹಣಕ್ಕೆ ಕನಿಷ್ಠ 24 ಗಂಟೆ ಮೊದಲು ಗ್ರಾಹಕನಿಗೆ ತಿಳಿಸಬೇಕು, ಬೇಡವೆನ್ನಲು ದಾರಿಯೂ ಇರಬೇಕು. ಮೊದಲ ಸಲ ಪಿನ್ ಅಥವಾ ಒಟಿಪಿ ಬೇಕೇ ಬೇಕು; ಆಮೇಲಿನ ಕಂತು 15,000 ರೂಪಾಯಿಯ ಒಳಗಿದ್ದರೆ ಮತ್ತೆ ಕೇಳುವುದಿಲ್ಲ. ನಾವೇ ಒಪ್ಪಿ ಕೊಟ್ಟ ಹಣ ಮತ್ತು ನಮಗೆ ಗೊತ್ತೇ ಇಲ್ಲದೆ ಕದ್ದ ಹಣ, ಇವೆರಡಕ್ಕೂ ಬ್ಯಾಂಕಿನಲ್ಲಿ ಬೇರೆ ಬೇರೆ ಕಾನೂನು. ನಾವೂ ಬ್ಯಾಂಕೂ ತಪ್ಪು ಮಾಡದೆ ಹೊರಗಿನವರು ಕದ್ದದ್ದಾದರೆ, ಬ್ಯಾಂಕಿನ ಮೆಸೇಜ್ ಬಂದ ಮೂರು ಕೆಲಸದ ದಿನದೊಳಗೆ ದೂರು ಕೊಟ್ಟರೆ ನಷ್ಟ ನಮ್ಮ ತಲೆಗೆ ಬರುವುದಿಲ್ಲ ಎಂದು 2017ರ ಸುತ್ತೋಲೆ ಇದೆ. ನನ್ನದು ಆ ಲೆಕ್ಕಕ್ಕೆ ಸೇರುವುದಿಲ್ಲ. ಬ್ಯಾಂಕಿನ ಮೇಲೆ ಕೂಗಾಡಿದ್ದು ನನ್ನದೇ ತಪ್ಪು. ಹೋಗುವಾಗ ಸಾರಿ ಹೇಳಿ ಬಂದೆ.

ಆದರೆ ಆ ಆ್ಯಪ್‌ನವರನ್ನು ಹಾಗೆ ಬಿಡಲು ಮನಸ್ಸಾಗಲಿಲ್ಲ. ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2023ರ ನವೆಂಬರಿನಲ್ಲಿ ಇಂಥ 13 ಬಗೆಯ ಮರೆಮೋಸದ ಪಟ್ಟಿ ಮಾಡಿದೆ. ಸೇರುವುದು ಸುಲಭ, ಬಿಡುವುದು ಕಷ್ಟ ಎನ್ನುವ ಚಂದಾ ಬಲೆಯೂ ಅದರಲ್ಲಿ ಒಂದು. ಆ್ಯಪ್‌ನ ಒಳಗೆ ಬರೆದಿದ್ದ ಇಮೇಲಿಗೆ ಸ್ಟೇಟ್‌ಮೆಂಟಿನ ಸಾಲುಗಳು, ತಾರೀಕು, ಯುಪಿಐ ನಂಬರ್ ಎಲ್ಲ ಹಾಕಿ ಬರೆದೆ. ಉತ್ತರ ಇಲ್ಲ. ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ ದೂರು ದಾಖಲಿಸಿದ ಮೇಲೆ ಉತ್ತರ ಬಂತು, ಕೊನೆಯ ಎರಡು ವಾರದ 498 ರೂಪಾಯಿಯೂ ಬಂತು. ಉಳಿದ 4,233 ಹೋಯಿತೆಂದೇ ಬರೆದುಕೊಂಡಿದ್ದೇನೆ.

ನಿಮ್ಮ ಸ್ಟೇಟ್‌ಮೆಂಟಿನಲ್ಲೂ ಗುರುತಿಲ್ಲದ ಹೆಸರು ಕಂಡರೆ ಗಾಬರಿಯಾಗಬೇಡಿ. ಆ್ಯಪ್‌ನ ಹೆಸರು ಒಂದು, ಅದರ ಹಿಂದಿನ ಕಂಪನಿಯ ಹೆಸರು ಇನ್ನೊಂದು, ಬ್ಯಾಂಕಿನ ಕಾಗದದಲ್ಲಿ ಬರುವುದು ಎರಡನೆಯದ್ದು. ಮೊದಲು ಆ ಮೊತ್ತವನ್ನೇ ಇಮೇಲಿನಲ್ಲೂ ಮೆಸೇಜಿನಲ್ಲೂ ಹಾಕಿ ಹುಡುಕಿ, ರಶೀದಿ ಸಿಕ್ಕರೆ ಅರ್ಧ ಕೆಲಸ ಆಯಿತು. ಯುಪಿಐಯಾದರೆ ಆಟೋಪೇಯೊಳಗೆ ಹೋಗಿ ರದ್ದು ಮಾಡಿ. ಎರಡು ಮೂರು ಯುಪಿಐ ಆ್ಯಪ್ ಇಟ್ಟುಕೊಂಡವರು ಎಲ್ಲದರಲ್ಲೂ ನೋಡಿ. ಪ್ಲೇ ಸ್ಟೋರ್ ಮೂಲಕ ಕೊಟ್ಟದ್ದಾದರೆ ಅಲ್ಲಿಯೇ ಚಂದಾಗಳ ಪಟ್ಟಿ ಇದೆ, ಐಫೋನಿನವರಿಗೆ ಸೆಟ್ಟಿಂಗ್ಸ್‌ನಲ್ಲಿ ತಮ್ಮ ಹೆಸರಿನ ಒಳಗೆ. ಕಾರ್ಡ್ ಕೊಟ್ಟಿದ್ದರೆ ಬ್ಯಾಂಕಿನವರನ್ನೇ ಕೇಳಿ. ಕಸ್ಟಮರ್ ಕೇರ್ ನಂಬರ್ ಮಾತ್ರ ಇಂಟರ್ನೆಟ್ಟಿನಲ್ಲಿ ಹುಡುಕಬೇಡಿ, ನನ್ನ ಮಗಳಂಥವರು ಎಲ್ಲರ ಮನೆಯಲ್ಲೂ ಪಕ್ಕದಲ್ಲೇ ಕೂತಿರುವುದಿಲ್ಲ.

ರದ್ದು ಮಾಡಿದ ಮೇಲೆ ಬಂದ ಬುಧವಾರ ನಾಲ್ಕು ಸಲ ಬ್ಯಾಲೆನ್ಸ್ ನೋಡಿದೆ. ಹೋಗಲಿಲ್ಲ.

ಆವೇಶದಲ್ಲಿ ಮನೆಯವರೆಲ್ಲರ ಫೋನ್ ತಪಾಸಣೆಗೆ ಇಳಿದೆ. ಅಮ್ಮನ ಫೋನಿನ ಆಟೋಪೇಯಲ್ಲಿ ಒಂದು ಪಂಚಾಂಗದ ಆ್ಯಪ್ ಸಿಕ್ಕಿತು, ತಿಂಗಳಿಗೆ 99. ಸಿಕ್ಕಿತಲ್ಲ ಎಂದು ರದ್ದು ಮಾಡಲು ಹೋದೆ. ಅಮ್ಮ ಪಿಗ್ಮಿ ಕಟ್ಟಿ ಬೆಳೆದ ತಲೆಮಾರಿನವಳು. ದಿನಕ್ಕೆ ಎರಡಾಣೆಯಿಂದ ಮನೆ ಬಾಗಿಲಲ್ಲಿ ಉಳಿತಾಯ ಕಟ್ಟಿಸಿಕೊಳ್ಳುವ ಆ ಪದ್ಧತಿಯನ್ನು 1928ರಲ್ಲಿ ಶುರು ಮಾಡಿದ್ದು ನಮ್ಮ ಉಡುಪಿಯ ಸಿಂಡಿಕೇಟ್ ಬ್ಯಾಂಕ್. ಪಿಗ್ಮಿಯವರು ಸಂಜೆ ಬಂದು ಬೆಲ್ ಮಾಡಿದರೆ, ಹಣ ಕೊಟ್ಟು, ಕಾರ್ಡಿನಲ್ಲಿ ಬರೆದದ್ದನ್ನು ಓದಿ ನೋಡಿಯೇ ಅವಳು ಬಾಗಿಲು ಹಾಕುತ್ತಿದ್ದದ್ದು.

“ಅದು ಮುಟ್ಟಬೇಡ” ಅಂದಳು. “ನಂಗೆ ಗೊತ್ತುಂಟು. ಪ್ರತಿ ತಿಂಗಳು ಹನ್ನೊಂದಕ್ಕೆ ಹೋಗ್ತದೆ, ಹತ್ತಕ್ಕೆ ಮೆಸೇಜ್ ಬರ್ತದೆ.”

“ಗೋಡೆಯಲ್ಲಿ ಕ್ಯಾಲೆಂಡರ್ ಇಲ್ವಾ ಅಮ್ಮ?”

“ಅದರಲ್ಲಿ ಅಕ್ಷರ ಸಣ್ಣ, ಮಾರಾಯ. ಇದರಲ್ಲಿ ದೊಡ್ಡದು ಮಾಡ್ಲಿಕ್ಕೆ ಆಗ್ತದೆ.”